ಅಲೆಕ್ಸಾಂಡರ್ ಕೋರ್ಡಾ: ಬ್ರಿಟಿಷ್ ಚಿತ್ರರಂಗಕ್ಕೆ ನೆಲೆ ಕೊಟ್ಟ ಹಂಗೇರಿಯನ್ ನಿರ್ಮಾಪಕ

ಬ್ರಿಟನ್ನಿನ ಸಿನಿಮಾಕ್ಕೆ ಜಾಗತಿಕ ಮಾರುಕಟ್ಟೆಯನ್ನು ತೆರೆದವರಲ್ಲಿ ಅಗ್ರಗಣ್ಯರಾದ ಅಲೆಕ್ಸಾಂಡರ್ ಕೋರ್ಡಾ ಜನಿಸಿದ್ದು 1893ರಲ್ಲಿ, ಹಂಗೇರಿಯ ಯಹೂದಿ ಕುಟುಂಬವೊಂದರಲ್ಲಿ. ಪತ್ರಿಕಾ ಬರವಣಿಗೆಯಿಂದ ಸಿನಿಮಾಕ್ಕೆ ಬಂದು, ಬುಡಾಪೆಸ್ಟಿನಲ್ಲಿ ಮೂಕಿಚಿತ್ರಗಳ ನಿರ್ದೇಶಕರಾಗಿ ಹೆಸರು ಗಳಿಸಿದ್ದ ಅವರು, 1919ರಲ್ಲಿ ಅಲ್ಲಿನ ಕಮ್ಯುನಿಸ್ಟ್ ಸರ್ಕಾರ ಉರುಳಿ ದಮನಕಾಲ ಆರಂಭವಾದಾಗ ಬಂಧನಕ್ಕೊಳಗಾದರು; ಬಿಡುಗಡೆಯ ನಂತರ ತಾಯ್ನಾಡನ್ನು ತೊರೆದು, ವಿಯೆನ್ನಾ, ಬರ್ಲಿನ್, ಹಾಲಿವುಡ್, ಪ್ಯಾರಿಸ್‌ಗಳಲ್ಲಿ ದುಡಿದು, 1932ರಲ್ಲಿ ಲಂಡನ್ನಿನಲ್ಲಿ ‘ಲಂಡನ್ ಫಿಲ್ಮ್ಸ್’ ಸಂಸ್ಥೆಯನ್ನು ಸ್ಥಾಪಿಸಿದರು.

ಚಿತ್ರಮಂದಿರಗಳು ಇಂತಿಷ್ಟು ಸ್ವದೇಶಿ ಚಿತ್ರಗಳನ್ನು ತೋರಿಸಲೇಬೇಕೆಂಬ 1927ರ ಕಾಯಿದೆಯಿಂದಾಗಿ ಆಗ ಬ್ರಿಟನ್ನಿನಲ್ಲಿ ಅಗ್ಗದ, ಅವಸರದ ಚಿತ್ರಗಳು ಹೆಚ್ಚಿದ್ದವು. ಕೋರ್ಡಾ ನಿರ್ಮಿಸಿ ನಿರ್ದೇಶಿಸಿದ ‘ದಿ ಪ್ರೈವೇಟ್ ಲೈಫ್ ಆಫ್ ಹೆನ್ರಿ VIII’ (1933) ಈ ಜಾಡನ್ನು ಬಿಟ್ಟು ನಡೆಯಿತು. ಔತಣದ ಮೇಜಿನಲ್ಲಿ ಬೇಯಿಸಿದ ಇಡೀ ಕೋಳಿಯನ್ನು ಕೈಯಿಂದಲೇ ಹರಿದು ತಿಂದು, ಮೂಳೆಗಳನ್ನು ಹಿಂದಕ್ಕೆ ಎಸೆಯುತ್ತಲೇ ಶಿಷ್ಟಾಚಾರ ಅಳಿಯಿತೆಂದು ಗೊಣಗುವ ದೊರೆಯ ಪಾತ್ರ ಚಾರ್ಲ್ಸ್ ಲಾಟನ್‌ಗೆ ಆಸ್ಕರ್ ತಂದಿತು. ಚಿತ್ರ ಅಮೆರಿಕದಲ್ಲೂ ಗೆದ್ದಿತು.

ಕಥೆ, ಬಂಡವಾಳ, ಕಲಾವಿದರು ಮತ್ತು ತಂತ್ರಜ್ಞರನ್ನು ಒಂದೆಡೆ ತರುವುದು ನಿರ್ಮಾಪಕನ ಕೆಲಸ. ಕೋರ್ಡಾ ಅವರ ನಿಜವಾದ ಪ್ರತಿಭೆ ಇದ್ದುದು ಇಲ್ಲಿಯೇ. ಪ್ರುಡೆನ್ಷಿಯಲ್ ವಿಮಾ ಸಂಸ್ಥೆಯ ಹಣದಿಂದ ಅವರು ಡೆನಮ್‌ನಲ್ಲಿ ಭವ್ಯ ಸ್ಟುಡಿಯೊ ಕಟ್ಟಿಸಿದರಾದರೂ, ಆದಾಯವನ್ನು ಮೀರಿದ ವೆಚ್ಚದ ಕಾರಣ ಕೆಲವೇ ವರ್ಷಗಳಲ್ಲಿ ಅದು ಅವರ ಕೈತಪ್ಪಿತು.

ಈ ಅವಧಿಯ ‘ಎಲಿಫೆಂಟ್ ಬಾಯ್’ (1937) ಕನ್ನಡನಾಡಿನೊಡನೆ ನೇರವಾಗಿ ಬೆಸೆದುಕೊಂಡಿದೆ. ಸಾಕ್ಷ್ಯಚಿತ್ರಗಳಿಗೆ ಹೆಸರಾದ ರಾಬರ್ಟ್ ಫ್ಲಾಹರ್ಟಿ ಮೈಸೂರು ಸಂಸ್ಥಾನದಲ್ಲಿ ಚಿತ್ರೀಕರಿಸಿದ ದೃಶ್ಯಗಳಿಗೆ ಕೋರ್ಡಾ ಅವರ ತಮ್ಮ ಝೋಲ್ಟಾನ್ ಡೆನಮ್‌ನಲ್ಲಿ ತೆಗೆದ ಭಾಗಗಳನ್ನು ಸೇರಿಸಿ ಚಿತ್ರವನ್ನು ಪೂರ್ಣಗೊಳಿಸಿದರು. ಕಾರಾಪುರದ ಮಾವುತನ ಮಗ ಸಾಬು ಅದರ ನಾಯಕನಾಗಿ ‘ದಿ ಥೀಫ್ ಆಫ್ ಬಾಗ್ದಾದ್’ (1940) ಚಿತ್ರದವರೆಗೂ ಬೆಳೆದ. ಆದರೆ ಸಾಬು ನಟಿಸಿದ್ದ ‘ದಿ ಡ್ರಮ್’ (1938) ಸಾಮ್ರಾಜ್ಯಶಾಹಿಯನ್ನು ವೈಭವೀಕರಿಸಿದ್ದರಿಂದ ಮುಂಬಯಿಯಲ್ಲಿ ಪ್ರತಿಭಟನೆ ಎದುರಿಸಿತೆಂಬುದನ್ನೂ ಮರೆಯಲಾಗದು.

1942ರಲ್ಲಿ ‘ಸರ್’ ಪದವಿ ಪಡೆದ ಕೋರ್ಡಾ, ಯುದ್ಧಾನಂತರ ಕರೋಲ್ ರೀಡ್ ನಿರ್ದೇಶನದ ‘ದಿ ಥರ್ಡ್ ಮ್ಯಾನ್’ (1949) ಚಿತ್ರದ ನಿರ್ಮಾಣದಲ್ಲೂ ಪಾಲ್ಗೊಂಡು, 1956ರಲ್ಲಿ ನಿಧನರಾದರು. ಲೆಕ್ಕಪತ್ರಗಳಲ್ಲಿ ಅವರು ಪದೇ ಪದೇ ಎಡವಿದ್ದು ನಿಜ. ಆದರೆ ಪ್ರತಿಭಾವಂತರನ್ನು ಗುರುತಿಸಿ, ಅವರಿಗೆ ದೊಡ್ಡ ಕೆಲಸವನ್ನು ನಂಬಿ ಒಪ್ಪಿಸಿದ ಧೈರ್ಯದಿಂದಲೇ ಬ್ರಿಟಿಷ್ ಚಿತ್ರರಂಗ ಹಾಲಿವುಡ್ಡಿಗೆ ಸರಿಸಮನಾಗಿ ನಿಲ್ಲುವ ಆತ್ಮವಿಶ್ವಾಸವನ್ನು ಪಡೆಯಿತು.