ನಿಮಗಿದು ಗೊತ್ತೆ? ಬಾಂಡ್‌ನ ವೈರಿಗೆ 79ನೇ ವಯಸ್ಸಿನಲ್ಲಿ ಪ್ರಶಸ್ತಿ

1979ರ ‘ಮೂನ್‌ರೇಕರ್’ನಲ್ಲಿ ಜೇಮ್ಸ್ ಬಾಂಡ್‌ಗೆ ಎದುರಾದ ಖಳ ಹ್ಯೂಗೋ ಡ್ರ್ಯಾಕ್ಸ್ ನೆನಪಿದ್ದಾನೆಯೇ? ದನಿ ಏರಿಸದೆಯೇ ಹೆದರಿಸಿದ ಆ ನಟ ಪ್ಯಾರಿಸ್‌ನ ಮೈಕೆಲ್ ಲಾನ್ಸ್‌ಡೇಲ್. ತಂದೆ ಇಂಗ್ಲಿಷರು, ತಾಯಿ ಫ್ರೆಂಚ್. ಎರಡೂ ಭಾಷೆ ಸಲೀಸು. ‘ದಿ ಡೇ ಆಫ್ ದಿ ಜಕಾಲ್’ನಲ್ಲಿ (1973) ಹಂತಕನ ಬೆನ್ನುಹತ್ತುವ ಪೊಲೀಸ್ ಅಧಿಕಾರಿ, ಬಿಬಿಸಿಯ ‘ಸ್ಮೈಲೀಸ್ ಪೀಪಲ್’ ಧಾರಾವಾಹಿಯಲ್ಲಿ (1982) ಸೋವಿಯತ್ ರಾಜತಾಂತ್ರಿಕ. ‘ಇಂಡಿಯಾ ಸಾಂಗ್’ನಲ್ಲಂತೂ (1975) ಲಾಹೋರಿನ ವೈಸ್ ಕಾನ್ಸುಲ್! ಕಥೆ ನಡೆಯುವುದು ಕಲ್ಕತ್ತಾದಲ್ಲಿ, ಚಿತ್ರೀಕರಣ ಮಾತ್ರ ಫ್ರಾನ್ಸಿನಲ್ಲಿ. ಪಾತ್ರಗಳು ತೆರೆಯ ಮೇಲೆ ತುಟಿಯನ್ನೇ ಬಿಚ್ಚುವುದಿಲ್ಲ, ಮಾತೆಲ್ಲ ಹಿನ್ನೆಲೆಯಿಂದ. ಇಷ್ಟೆಲ್ಲ ಮಾಡಿದವರಿಗೆ ಫ್ರಾನ್ಸಿನ ಸೆಝಾರ್ ಪ್ರಶಸ್ತಿ ಒಲಿದದ್ದು ತೀರಾ ತಡವಾಗಿ. ‘ಆಫ್ ಗಾಡ್ಸ್ ಅಂಡ್ ಮೆನ್’ ಚಿತ್ರದ ವೈದ್ಯ ಸನ್ಯಾಸಿಯ ಪಾತ್ರಕ್ಕೆ 2011ರಲ್ಲಿ ಅತ್ಯುತ್ತಮ ಪೋಷಕ ನಟರಾದಾಗ ಅವರಿಗೆ 79 ವರ್ಷ.