ಕೂಲಿಯವನ ಕೈಗೊಂದು ಕಾಗದ

ಶಹಾಬಾದ್ ದಾಟಿ ವಾಡಿ ಕಡೆ ಹೊರಳಿದರೆ ಕಣ್ಣಿಗೆ ಬೀಳುವುದು ಫರಸಿ ಕಲ್ಲಿನ ಅಟ್ಟಿಗಳು. ಕಲ್ಲು ಕೊಯ್ಯುವ ಯಂತ್ರದಿಂದ ಹಾರಿದ ಪುಡಿ ಬೇವಿನೆಲೆಯ ಮೇಲೆ, ಚಹಾದಂಗಡಿಯ ಬೆಂಚಿನ ಮೇಲೆ, ಕೂಲಿಯವರ ಹುಬ್ಬಿನ ಮೇಲೆ. ಮಳೆ ಬಿದ್ದರೆ ಇದೇ ಕೈಗಳು ತೊಗರಿ ಹೊಲದಲ್ಲಿ ಕಳೆ ತೆಗೆಯುತ್ತವೆ. ಹೊಲದಾಳು ಯಾರು, ಗಣಿಯಾಳು ಯಾರು ಎಂದು ಇಲ್ಲಿ ಗೆರೆ ಎಳೆಯಲಾಗದು. ಹೀಗಾಗಿ ಈ ಸೀಮೆಯ ಕಾರ್ಮಿಕ ಮುಖಂಡನ ಕಥೆ ಗಿರಣಿಯಲ್ಲಿ ಶುರುವಾದರೂ ಹೊಲಕ್ಕೆ ಬಾರದೆ ಮುಗಿಯುವುದಿಲ್ಲ.

ಮಲ್ಲಿಕಾರ್ಜುನ ಖರ್ಗೆ ಹುಟ್ಟಿದ್ದು 1942ರಲ್ಲಿ, ಭಾಲ್ಕಿ ತಾಲ್ಲೂಕಿನ ವರವಟ್ಟಿಯಲ್ಲಿ. ನಿಜಾಮನ ಪರದ ರಜಾಕಾರರು ಮನೆಗೆ ಹಚ್ಚಿದ ಬೆಂಕಿಯಲ್ಲಿ ತಾಯಿ, ತಂಗಿ ಹೋದರು. ಉಳಿದ ಮಗನನ್ನು ಕಟ್ಟಿಕೊಂಡು ತಂದೆ ಕಲಬುರಗಿ ಸೇರಿದರು. ನೂತನ ವಿದ್ಯಾಲಯ, ಸರ್ಕಾರಿ ಕಾಲೇಜು, ಆಮೇಲೆ ಕಾನೂನು. 1969ರಲ್ಲಿ ಎಂಎಸ್‌ಕೆ ಮಿಲ್ ನೌಕರರ ಸಂಘಕ್ಕೆ ಕಾನೂನು ಸಲಹೆಗಾರರಾದರು. ಸಂಯುಕ್ತ ಮಜ್ದೂರ್ ಸಂಘದಲ್ಲೂ ಅವರ ಮಾತು ನಡೆಯುತ್ತಿತ್ತು. ಗೇಟಿನ ಮುಂದೆ ಘೋಷಣೆ ಕೂಗುವವರು ಬೇಕಾದಷ್ಟು ಮಂದಿ ಇದ್ದರು. ಕಾನೂನಿನ ಕಲಮು ಓದಿ ಹೇಳುವವರಿಗೇ ಬರ.

ಇದರ ಬೆಲೆ ತಿಳಿದದ್ದು ಭೂಸುಧಾರಣೆಯಲ್ಲಿ. ದೇವರಾಜ ಅರಸರ ಕಾಲದ ತಿದ್ದುಪಡಿ 1974ರ ಮಾರ್ಚ್ 1ರಿಂದ ಜಾರಿಗೆ ಬಂತು. ಲಾವಣಿಗೆ, ಅಂದರೆ ಗೇಣಿಗೆ, ಹೊಲ ಮಾಡುತ್ತಿದ್ದವನು ಏಳನೇ ನಂಬರ್ ಅರ್ಜಿ ತುಂಬಿ ಭೂ ನ್ಯಾಯಮಂಡಳಿಯ ಮುಂದೆ ನಿಲ್ಲಬೇಕು. ಹೇಳಲಿಕ್ಕೆ ಸುಲಭ. ಲಾವಣಿ ಎಲ್ಲ ಬಾಯಿಮಾತಿನದು, ರಸೀದಿ ಕೊಟ್ಟ ಗೌಡನನ್ನು ಕಂಡವರಿಲ್ಲ. ಸಾಕ್ಷಿ ಹೇಳಬೇಕಾದ ಬಾಜೂ ಹೊಲದವನೂ ಅದೇ ಗೌಡನ ಉಪ್ಪು ತಿಂದವನು. ಮಂಡಳಿಯೊಳಗೆ ವಕೀಲರಿಗೆ ಆಗ ಪ್ರವೇಶವಿರಲಿಲ್ಲ; ಆ ನಿರ್ಬಂಧ ಬಿದ್ದದ್ದು 1987ರ ಸುಪ್ರೀಂ ಕೋರ್ಟ್ ತೀರ್ಪಿನಿಂದ. 1980ರಲ್ಲಿ ಗುಂಡೂರಾವ್ ಸಂಪುಟದಲ್ಲಿ ಕಂದಾಯ ರಾಜ್ಯ ಸಚಿವರಾದ ಖರ್ಗೆ ವಕೀಲರೇ. ಅವರ ಕೈಗೆ ಬಂದದ್ದು ವಕೀಲರನ್ನು ಹೊರಗಿಟ್ಟ ಕಟ್ಟೆ! ಅರ್ಜಿಗಳು ಬೇಗ ಇತ್ಯರ್ಥವಾಗಲೆಂದು 400ಕ್ಕೂ ಹೆಚ್ಚು ಮಂಡಳಿಗಳು ಕೂತವು. 1990ರಲ್ಲಿ ಬಂಗಾರಪ್ಪನವರ ಸಂಪುಟದಲ್ಲಿ ಅದೇ ಖಾತೆ ಮತ್ತೆ ಬಂದಾಗ ನಿಂತಿದ್ದ ಕೆಲಸವನ್ನು ಮುಂದುವರಿಸಿದರು.

ಆದರೆ ಒಂದು ಮಾತು ಹೇಳಲೇಬೇಕು. ಆ ಕಾನೂನು ಗೇಣಿದಾರನದು. ವರ್ಷಕ್ಕಿಷ್ಟೆಂದು ಗೌಡರ ಮನೆಯಲ್ಲಿ ದುಡಿದ ಸಂಬಳದಾಳಿಗೆ ಲಾವಣಿಯೇ ಇರಲಿಲ್ಲ, ಏಳನೇ ನಂಬರ್ ತುಂಬುವುದು ಎಲ್ಲಿಂದ? ಹೊಲ ಉತ್ತವನಿಗೆ ಹೊಲ ಸಿಕ್ಕಿತು, ಉಳುವವನ ಹಿಂದೆ ಬೀಜ ಬಿತ್ತುತ್ತಾ ನಡೆದವಳು ಕೂಲಿಯವಳಾಗಿಯೇ ಉಳಿದಳು.

ಚುನಾವಣೆಯ ಲೆಕ್ಕ ಎಲ್ಲರಿಗೂ ಗೊತ್ತಿದ್ದದ್ದೇ. 1972ರಿಂದ ಗುರುಮಠಕಲ್‌ನಲ್ಲಿ ಎಂಟು ಗೆಲುವು. ಕ್ಷೇತ್ರ ಮರುವಿಂಗಡಣೆಯಾದ ಮೇಲೆ 2008ರಲ್ಲಿ ಚಿತ್ತಾಪುರದಲ್ಲಿ ಒಂಬತ್ತನೆಯದು. ವರ್ಷ ತುಂಬುವುದರೊಳಗೆ ಲೋಕಸಭೆ. 2009ರಿಂದ 2013ರವರೆಗೆ ಅವರು ಕೇಂದ್ರ ಕಾರ್ಮಿಕ ಸಚಿವರು. ಇಎಸ್‌ಐ ವ್ಯಾಪ್ತಿಯ ಸಂಬಳದ ಮಿತಿ 2010ರಲ್ಲಿ 10,000ದಿಂದ 15,000 ರೂಪಾಯಿಗೆ ಏರಿತು. ಕಲಬುರಗಿಗೆ ಇಎಸ್‌ಐ ವೈದ್ಯಕೀಯ ಕಾಲೇಜು ಬಂತು. ವಾಡಿ, ಸೇಡಂನ ಸಿಮೆಂಟ್ ಸೀಮೆಗೆ ಇವು ಸಣ್ಣ ಸಂಗತಿಗಳಲ್ಲ. ಹೈದರಾಬಾದ್ ಕರ್ನಾಟಕಕ್ಕೆ ವಿಶೇಷ ಸ್ಥಾನಮಾನದ 371ಜೆ ವಿಧಿ ಸಿಕ್ಕಿದ್ದರಲ್ಲೂ ಅವರ ಪಾಲು ದೊಡ್ಡದು.

‘ಸೋಲಿಲ್ಲದ ಸರದಾರ’ ಎಂಬ ಬಿರುದು 2019ರ ಲೋಕಸಭಾ ಚುನಾವಣೆಯಲ್ಲಿ ಕಳಚಿತು. 95,452 ಮತಗಳಿಂದ ಸೋಲಿಸಿದ ಉಮೇಶ ಜಾಧವ್ ಬೇರೆ ಯಾರೂ ಅಲ್ಲ, ಅವರದೇ ಪಕ್ಷದಿಂದ ಚಿಂಚೋಳಿಯ ಶಾಸಕರಾಗಿದ್ದವರು. ನಾಲ್ಕು ವರ್ಷ ಕಳೆಯುವುದರೊಳಗೆ ಖರ್ಗೆ ಎಐಸಿಸಿ ಅಧ್ಯಕ್ಷರಾದರು. ಚಿತ್ತಾಪುರದಲ್ಲಿ ಮಗ ಪ್ರಿಯಾಂಕ್, 2024ರಿಂದ ಕಲಬುರಗಿಯ ಸಂಸದರಾಗಿ ಅಳಿಯ ರಾಧಾಕೃಷ್ಣ ದೊಡ್ಡಮನಿ. ಕೂಲಿಯವರ ಸಂಘದಿಂದ ಎದ್ದ ರಾಜಕಾರಣ ಒಂದು ಮನೆತನದ್ದಾಯಿತಲ್ಲ ಎಂಬ ಗೊಣಗು ಇಲ್ಲಿ ಇಲ್ಲದಿಲ್ಲ.

ತೊಗರಿ ರಾಶಿ ಮುಗಿದರೆ ಚಿಂಚೋಳಿ ಕಡೆಯ ತಾಂಡಾಗಳು ಖಾಲಿಯಾಗುತ್ತವೆ. ಮುಂಬೈ, ಪುಣೆ, ಹೈದರಾಬಾದ್ ಕಡೆಗೆ ಗುಳೆ. ಹಾಸಿಗೆ, ಜೋಳದ ಹಿಟ್ಟು, ಆಧಾರ್ ಮತ್ತು ರೇಷನ್ ಕಾರ್ಡ್ ಇಟ್ಟ ಪ್ಲಾಸ್ಟಿಕ್ ಚೀಲ ಜೊತೆಗೆ ಹೊರಡುತ್ತವೆ. ಹೊಲ ಇದ್ದವರ ಪಹಣಿ ಮಾತ್ರ ಮನೆಯಲ್ಲೇ, ಟ್ರಂಕಿನ ತಳದಲ್ಲಿ, ಮುದುಕಿಯ ಸೀರೆಯ ಕೆಳಗೆ.