ದೃಷ್ಟಿ ತಾಗುವುದೆ?

ಶನಿವಾರ ಬೆಳಿಗ್ಗೆ ನಮ್ಮ ಖಾರಘರದ ಬೀದಿಗಳಲ್ಲಿ ನಡೆದರೆ, ಅನೇಕ ಅಂಗಡಿಗಳ ಬಾಗಿಲಲ್ಲಿಯೂ ರಿಕ್ಷಾಗಳ ಮುಂಭಾಗದಲ್ಲಿಯೂ ಒಂದು ನಿಂಬೆಹಣ್ಣು, ಏಳು ಹಸಿಮೆಣಸಿನಕಾಯಿಗಳ ಹೊಸ ಸರ ತೂಗುತ್ತಿರುವುದನ್ನು ಕಾಣುತ್ತೇವೆ. ಕಟ್ಟುತ್ತಿರುವ ಮನೆಗೆ ಮಹಾರಾಷ್ಟ್ರದಲ್ಲಿ ಕಪ್ಪು ಬಟ್ಟೆಯ ಗೊಂಬೆಯನ್ನು ಕಟ್ಟುವುದುಂಟು. ಕನ್ನಡನಾಡಿನಲ್ಲಿ ಅದೇ ಕೆಲಸಕ್ಕೆ ಬೂದುಗುಂಬಳಕಾಯಿ. ತುರ್ಕಿ ದೇಶದವರು ನೀಲಿ ಗಾಜಿನ ಕಣ್ಣುಮಣಿಯನ್ನು ತೂಗುಹಾಕುತ್ತಾರೆ. ಮರಾಠಿಯವರು 'ನಜರ್' ಎನ್ನುವರು, ನಾವು 'ದೃಷ್ಟಿ' ಎನ್ನುವೆವು. ಹೆಸರು ಬೇರೆಯಾದರೂ ಅಂಜಿಕೆ ಒಂದೇ.

ಈ ನಂಬಿಕೆಗೆ ಆಧಾರವೇನು? ಅಸೂಯೆಯುಳ್ಳವರ ಕಣ್ಣಿನಿಂದ ಏನೋ ಒಂದು ಶಕ್ತಿ ಹೊರಟು ನಮ್ಮನ್ನು ತಾಗುವುದೆಂಬ ಭಾವನೆಯೇ ಇದಕ್ಕೆ ಮೂಲ. ಕಣ್ಣಿನಿಂದ ಕಿರಣಗಳು ಹೊರಡುತ್ತವೆಂದು ಪ್ರಾಚೀನ ಗ್ರೀಸಿನ ಕೆಲವು ಪಂಡಿತರೂ ತಿಳಿದಿದ್ದರು. ಆದರೆ 965ರಲ್ಲಿ ಜನಿಸಿದ ಅರಬ್ ವಿಜ್ಞಾನಿ ಇಬ್ನ್ ಅಲ್ ಹೈಥಮ್, ವಸ್ತುಗಳಿಂದ ಬರುವ ಬೆಳಕು ಕಣ್ಣನ್ನು ಪ್ರವೇಶಿಸುವುದರಿಂದಲೇ ನಮಗೆ ನೋಟ ದೊರೆಯುವುದೆಂದು ಪ್ರತಿಪಾದಿಸಿದನು. ಇಂದಿನ ವಿಜ್ಞಾನವೂ ಇದನ್ನೇ ಹೇಳುತ್ತದೆ. ಕಣ್ಣು ಬೆಳಕನ್ನು ಸ್ವೀಕರಿಸುವ ಅಂಗವೇ ಹೊರತು ಬಾಣ ಬಿಡುವ ಬಿಲ್ಲಲ್ಲ.

ಹಾಗಾದರೆ ಆರತಿಯ ನೀರು ಕೆಂಪಾಗುವುದೇಕೆ? ಅರಿಶಿನಕ್ಕೆ ಸುಣ್ಣ ಸೇರಿದಾಗ, ಸುಣ್ಣದ ಕ್ಷಾರಗುಣದಿಂದ ಹಳದಿ ಬಣ್ಣವು ಕೆಂಪಿಗೆ ತಿರುಗುತ್ತದೆ. ಉಪ್ಪು ಮೆಣಸಿನಕಾಯಿ ನೀವಾಳಿಸಿದ ಮೇಲೆ ಅಳುವ ಮಗು ಸುಮ್ಮನಾಗುವುದೂ ಉಂಟು. ತಾಯಿಯ ತೊಡೆಯ ಬೆಚ್ಚನೆಯ ಆಸರೆ, ಮನೆಯವರೆಲ್ಲರ ಆರೈಕೆ, ತುಸು ಹೊತ್ತಿನ ನಿದ್ರೆ ಇವುಗಳಿಂದಲೇ ಸಣ್ಣಪುಟ್ಟ ಬಾಧೆಗಳು ಎಷ್ಟೋ ಸಲ ಅಡಗುತ್ತವೆ.

ಇಷ್ಟರಿಂದ ಹಾನಿಯಿಲ್ಲ. ಹಾನಿ ಬೇರೆ ಎರಡು ಕಡೆಗಳಲ್ಲಿದೆ. ಮಗುವಿಗೆ ವಾಂತಿಭೇದಿ ಹತ್ತಿದಾಗ ದೃಷ್ಟಿ ತೆಗೆಯುವುದರಲ್ಲಿಯೇ ಹೊತ್ತು ಕಳೆದರೆ, ದೇಹದ ನೀರು ಬತ್ತಿ ಪ್ರಾಣಕ್ಕೇ ಅಪಾಯ ಒದಗಬಹುದು. ಆಗ ಒಲೆಗೆ ಎಸೆಯುವ ಉಪ್ಪಿಗೆ ಬೇರೆ ಉಪಯೋಗವುಂಟು: ಒಂದು ಲೀಟರು ಶುದ್ಧ ನೀರಿನಲ್ಲಿ ಅರ್ಧ ಚಹಾ ಚಮಚ ಉಪ್ಪನ್ನೂ 6 ಚಹಾ ಚಮಚ ಸಕ್ಕರೆಯನ್ನೂ ಸಮಮಟ್ಟವಾಗಿ ಅಳೆದು ಕರಗಿಸಿ, ಗುಟುಕು ಗುಟುಕಾಗಿ ಕುಡಿಸುತ್ತ, ತಡಮಾಡದೆ ವೈದ್ಯರಲ್ಲಿಗೆ ಒಯ್ಯಬೇಕು.

ಎರಡನೆಯ ಹಾನಿ ಇನ್ನೂ ಕ್ರೂರವಾದುದು. ದೃಷ್ಟಿ ತಾಗಿತೆಂದೊಡನೆ 'ಯಾರ ದೃಷ್ಟಿ?' ಎಂಬ ಪ್ರಶ್ನೆ ಏಳುತ್ತದೆ. ಆಗ ಬೆರಳು ತಿರುಗುವುದು ಬಹುಶಃ ಮಕ್ಕಳಿಲ್ಲದ ಹೆಂಗಸಿನ ಕಡೆಗೆ, ಇಲ್ಲವೆ ಗಂಡನನ್ನು ಕಳೆದುಕೊಂಡವಳ ಕಡೆಗೆ. ಮಗುವನ್ನು ಅಕ್ಕರೆಯಿಂದ ನೋಡಿದುದೇ ಆಕೆಯ ಅಪರಾಧವಾಗುತ್ತದೆ; ನೆರೆಮನೆಯ ಬಾಗಿಲು ಆಕೆಗೆ ಮುಚ್ಚುತ್ತದೆ.

ಅಜ್ಜಿಯು ನೀವಾಳಿಸುವಾಗ ನಾವು ನಗಬೇಕಾಗಿಲ್ಲ. ಆಕೆಯ ಕೈಯಲ್ಲಿರುವುದು ಪ್ರೀತಿ. ಆದರೆ ಕಾಯಿಲೆಯ ಕಾರಣವನ್ನು ವೈದ್ಯರಲ್ಲಿ ಕೇಳೋಣ, ನೆರೆಯವರ ಕಣ್ಣಿನಲ್ಲಿ ಹುಡುಕದಿರೋಣ.